ಗಡಿಯಾರದ ಮಧ್ಯಾಹ್ನಕ್ಕೂ ಸೂರ್ಯನ ಮಧ್ಯಾಹ್ನಕ್ಕೂ ನಡುವೆ: ಕಾಲ ನೇಯುವ ಸಾಲಿಯನ್ನು ಕಥೆಯಲ್ಲಿ ಕಟ್ಟುವ ಸಮಗ್ರ ಮಾರ್ಗದರ್ಶಿ

ನನ್ನ ಮೊದಲ ಮಾಂತ್ರಿಕ ಕಥೆಯನ್ನು ಇಳಕಲ್ಲಿನ ಚಿಗವ್ವನಿಗೆ ಓದಿ ಹೇಳಿದ್ದೆ. ಕಾಲ ನೇಯುವ ಒಂದು ವಿದ್ಯಾಲಯ, ಅಲ್ಲೊಬ್ಬ ಹುಡುಗ, ಅವನ ಕೈಯಲ್ಲೊಂದು ಮಾಯಾ ಲಾಳಿ. ಏನಾದರೂ ತಪ್ಪಾದರೆ ಸಾಕು, ಹುಡುಗ ನೇಯ್ದದ್ದನ್ನು ಬಿಚ್ಚಿ, ನಿನ್ನೆಗೆ ಹೋಗಿ, ಮತ್ತೆ ನೇಯುತ್ತಿದ್ದ. ಹದಿನೆಂಟು ಪುಟ. ಚಿಗವ್ವ ನೂಲಿನ ಕಂಡಿಕೆ ಸುತ್ತುತ್ತಲೇ ಕೇಳಿದಳು. ಮುಗಿದ ಮೇಲೆ ಒಂದೇ ಪ್ರಶ್ನೆ: "ಅಲ್ಲೋ ತಮ್ಮಾ, ಬಿಚ್ಚಿದ ನೂಲು ಎಲ್ಲಿ ಇಟ್ಟ ಆ ಹುಡುಗ?"

ನನ್ನ ಹತ್ತಿರ ಉತ್ತರ ಇರಲಿಲ್ಲ. ಮಗ್ಗದ ಮೇಲೆ ಬಿಚ್ಚಿದ ನೂಲು ಮಾಯವಾಗುವುದಿಲ್ಲ. ಗಂಜಿ ಉದುರಿ, ಸುಕ್ಕಾಗಿ, ಕೈಯಲ್ಲೇ ಉಳಿಯುತ್ತದೆ. ಅದೇ ನೂಲಿನಿಂದ ಮತ್ತೆ ನೇಯ್ದರೆ, ಬಲ್ಲವರು ಬಟ್ಟೆ ಮುಟ್ಟಿದ ಕೂಡಲೇ ಹೇಳುತ್ತಾರೆ. ನನ್ನ ಹುಡುಗನ ಮಂತ್ರಕ್ಕೆ ಯಾವ ಗುರುತೂ ಇರಲಿಲ್ಲ, ಯಾವ ಬೆಲೆಯೂ ಇರಲಿಲ್ಲ. ಹಾಗಾಗಿ ಕಥೆಯಲ್ಲಿ ಜೀವವೂ ಇರಲಿಲ್ಲ.

ಆ ಹದಿನೆಂಟು ಪುಟ ಹರಿದು ಹಾಕಿ ಹೊಸದಾಗಿ ಕಟ್ಟಿದ್ದು ಹೇಗೆ ಅಂತ ಇಲ್ಲಿ ಹೇಳುತ್ತೇನೆ. ಕಥೆ, ನಾಟಕ, ಮಕ್ಕಳ ಕಾದಂಬರಿ, ಆಟ, ಯಾವುದಕ್ಕಾದರೂ ಇಂಥ ಒಂದು ಶಾಲೆ ಬೇಕಾದವರು ಬಳಸಿಕೊಳ್ಳಬಹುದು. ನಮ್ಮ ಕಡೆ ಶಾಲೆಗೆ 'ಸಾಲಿ' ಅನ್ನುತ್ತೇವೆ. ನನ್ನದರ ಹೆಸರು 'ಗಳಿಗಿ ಸಾಲಿ'. ಯಾಕೆ ಆ ಹೆಸರು ಅಂತ ಎರಡನೇ ಹಂತದಲ್ಲಿ ಗೊತ್ತಾಗುತ್ತದೆ.

ಹಂತ 1: ಮೊದಲು ಮಗ್ಗದ ಪಕ್ಕ ಕೂತು ಬನ್ನಿ

ಇದನ್ನು ಬಿಟ್ಟು ಮುಂದೆ ಹೋಗಬೇಡಿ. ಫೋನಿನಲ್ಲಿ ವಿಡಿಯೋ ನೋಡಿದರೆ ಆಗಲ್ವಾ ಅಂತ ಕೇಳುವವರಿದ್ದಾರೆ. ಆಗಲ್ಲ. ವಿಡಿಯೋದಲ್ಲಿ ಗಂಜಿಯ ವಾಸನೆ ಬರುವುದಿಲ್ಲ.

ಬಾಗಲಕೋಟೆ ಜಿಲ್ಲೆಯಲ್ಲಿ ಇಳಕಲ್, ಗುಳೇದಗುಡ್ಡ, ಕಮತಗಿ, ರಬಕವಿ-ಬನಹಟ್ಟಿ ಇವೆ. ಬೆಳಗಾವಿಯವರಿಗೆ ಶಹಾಪುರ, ವಡಗಾವಿ ಹತ್ತಿರ. ಎಲ್ಲಾದರೂ ಒಂದು ಮನೆಯಲ್ಲಿ ಕೇಳಿಕೊಂಡು ಎರಡು ತಾಸು ಕೂತುಕೊಳ್ಳಿ. ನೇಯುವವರಿಗೆ ಅದು ಕೂಲಿಯ ಹೊತ್ತು ಅನ್ನುವುದು ನೆನಪಿರಲಿ. ಬರುವಾಗ ಒಂದು ಖಣವನ್ನೋ ಸೀರೆಯನ್ನೋ ಕೊಂಡು ಬಂದರೆ ಒಳ್ಳೆಯದು.

ಕುಣಿ ಮಗ್ಗ ಸಿಕ್ಕರೆ ಇನ್ನೂ ಚೆನ್ನ. ನೆಲದಲ್ಲಿ ಒಂದು ಕುಣಿ ತೋಡಿರುತ್ತಾರೆ. ನೇಯುವವರು ಅಂಚಿನಲ್ಲಿ ಕೂತು ಕಾಲನ್ನು ಕುಣಿಯೊಳಗೆ ಇಳಿಬಿಟ್ಟಿರುತ್ತಾರೆ. ಮಗ್ಗದ ಉದ್ದಕ್ಕೂ ಬಿಗಿದ ನೂಲೇ ಹಾಸು. ಕಾಲು ತುಳಿದಾಗ ಹಾಸಿನ ಅರ್ಧ ಎಳೆಗಳು ಮೇಲೇಳುತ್ತವೆ, ಅರ್ಧ ಕೆಳಗಿಳಿಯುತ್ತವೆ. ನಡುವಿನ ಸಂದಿಯಲ್ಲಿ ಲಾಳಿ ಓಡುತ್ತದೆ. ಲಾಳಿಯೊಳಗೆ ಕಂಡಿಕೆ, ಕಂಡಿಕೆಯಿಂದ ಬಿಚ್ಚಿಕೊಂಡು ಅಡ್ಡಲಾಗಿ ಹೋಗುವ ಎಳೆಯೇ ಹೊಕ್ಕು. ಬಾಚಣಿಗೆಯಂಥ ಹಣಿಗೆ ಬಂದು ಆ ಎಳೆಯನ್ನು ಬಡಿದು ಕೂರಿಸುತ್ತದೆ. ಇಷ್ಟೇ. ದಿನಕ್ಕೆ ಸಾವಿರಾರು ಸಲ ಇಷ್ಟೇ.

ಒಂದು ವಿಷಯ ಗಮನಿಸಿ. ನೇಯ್ದ ಬಟ್ಟೆ ನೇಕಾರನ ಹೊಟ್ಟೆಯ ಕಡೆಗೆ ಬಂದು ಮರಕ್ಕೆ ಸುತ್ತಿಕೊಳ್ಳುತ್ತದೆ. ನೇಯಬೇಕಾದ ಹಾಸು ಕಣ್ಣೆದುರು ಚಾಚಿಕೊಂಡಿರುತ್ತದೆ. ಆಗಿಹೋದದ್ದನ್ನು ನಾವೆಲ್ಲ 'ಹಿಂದೆ' ಅಂತ ಬೆನ್ನಿಗೆ ಹಾಕುತ್ತೇವೆ. ಮಗ್ಗದಲ್ಲಿ ಕೂತವನಿಗೆ ಅದು ಮಡಿಲಲ್ಲೇ ಇರುತ್ತದೆ, ಸುರುಳಿಯಾಗಿ, ಬೆಚ್ಚಗೆ. ನನ್ನ ಕಥೆಯ ಮೊದಲ ಸಾಲು ನನಗೆ ಸಿಕ್ಕಿದ್ದು ಇಲ್ಲಿಂದ.

ಹಂತ 2: ಸಾಲಿಯನ್ನು ಇಡಲು ಜಾಗ ಹುಡುಕಬೇಡಿ, ಹೊತ್ತು ಹುಡುಕಿ

ಇಂಥ ಕಥೆ ಬರೆಯುವವರು ಮೊದಲು ಹೋಗಿ ನಿಲ್ಲುವುದು ಗೋಳಗುಮ್ಮಟದ ಕೆಳಗೆ. ತಪ್ಪೇನಿಲ್ಲ. 1656ರಲ್ಲಿ ತೀರಿಕೊಂಡ ಮಹಮ್ಮದ್ ಆದಿಲ್ ಶಾಹನ ಗೋರಿ ಅದು. ಸುಮಾರು 44 ಮೀಟರ್ ಅಡ್ಡಳತೆಯ ಗುಮ್ಮಟ. ಮೇಲಿನ ಪಡಸಾಲೆಯಲ್ಲಿ ಒಮ್ಮೆ ಚಪ್ಪಾಳೆ ಹೊಡೆದರೆ ಏಳು ಸಲ ಕೇಳುತ್ತದೆ ಅಂತ ಗೈಡುಗಳು ಹೇಳುತ್ತಾರೆ. ಆದರೆ ಎಲ್ಲರೂ ಅಲ್ಲಿಗೇ ಹೋಗುವುದರಿಂದ ಓದುವವರಿಗೆ ಹೊಸದೇನೂ ಅನ್ನಿಸಲ್ಲ. ಅದನ್ನು ಒಂದು ಪಾಠದ ಕೋಣೆಯಾಗಿ ಇಟ್ಟುಕೊಳ್ಳಿ, ಮುಖ್ಯ ಬಾಗಿಲಾಗಿ ಬೇಡ.

ಮುಳುಗಿದ ಹಳೆ ಬಾಗಲಕೋಟೆಯ ಓಣಿಗಳೂ ಕರೆಯುತ್ತವೆ. ಆಲಮಟ್ಟಿ ಹಿನ್ನೀರು ಬಂದು ಜನ ನವನಗರಕ್ಕೆ ಹೋದರು. ನೀರೊಳಗಿನ ಓಣಿ ಅಂದರೆ ಯಾವ ಕಥೆಗಾರನಿಗೂ ಆಸೆಯೇ. ಆದರೆ ಅಲ್ಲಿ ಮನೆ ಕಳೆದುಕೊಂಡವರು ನಮ್ಮ ನಡುವೆಯೇ ಇದ್ದಾರೆ. ಅವರ ಪಡಸಾಲೆಯನ್ನು ಮಾಯಾಲೋಕ ಮಾಡುವ ಮುಂಚೆ ಅವರಲ್ಲೊಬ್ಬರ ಜೊತೆ ಕೂತು ಚಹಾ ಕುಡಿಯಿರಿ. ನಾನಂತೂ ಆ ಓಣಿಯನ್ನು ಒಂದೇ ಅಧ್ಯಾಯಕ್ಕೆ ಇಟ್ಟುಕೊಂಡೆ.

ಈಗ ನನಗೆ ತುಂಬಾ ಇಷ್ಟವಾದ ಭಾಗ. ನಮ್ಮ ಗಡಿಯಾರ ಹೇಳುವ ಹೊತ್ತು ನಮ್ಮ ಊರಿನದಲ್ಲ. ಭಾರತದ ಪ್ರಮಾಣ ಸಮಯವನ್ನು 82.5 ಡಿಗ್ರಿ ಪೂರ್ವ ರೇಖಾಂಶಕ್ಕೆ ಹೊಂದಿಸಿದ್ದಾರೆ. ಆ ಗೆರೆ ಉತ್ತರದಲ್ಲಿ ಮಿರ್ಜಾಪುರದ ಹತ್ತಿರ ಹಾದುಹೋಗುತ್ತದೆ. ಇಳಕಲ್ ಇರುವುದು ಸುಮಾರು 76.1 ಡಿಗ್ರಿಯಲ್ಲಿ. ಭೂಮಿ ಒಂದು ಡಿಗ್ರಿ ತಿರುಗಲು 4 ನಿಮಿಷ ಬೇಕು. ಲೆಕ್ಕ ಹಾಕಿ: ಇಳಕಲ್ಲಿನ ಗಡಿಯಾರದಲ್ಲಿ 12 ಹೊಡೆದಾಗ ಸೂರ್ಯ ಇನ್ನೂ ನೆತ್ತಿಗೆ ಬಂದಿರುವುದಿಲ್ಲ. ಅವನು ಬರುವುದು ವರ್ಷದ ಸರಾಸರಿ ತೆಗೆದರೆ ಸುಮಾರು 25 ನಿಮಿಷ ತಡವಾಗಿ. ವಿಜಯಪುರ, ಬಾಗಲಕೋಟೆಯಲ್ಲಿ ಸುಮಾರು 27 ನಿಮಿಷ. ಬೆಳಗಾವಿ ಇನ್ನೂ ಪಶ್ಚಿಮಕ್ಕಿದೆ, ಅಲ್ಲಿ 32.

ಹಳೆಯ ಲೆಕ್ಕದಲ್ಲಿ ಒಂದು ಗಳಿಗೆ ಅಂದರೆ 24 ನಿಮಿಷ. ಹಗಲು ರಾತ್ರಿ ಸೇರಿ 60 ಗಳಿಗೆ. ಅಂದರೆ ಗಡಿಯಾರದ ಮಧ್ಯಾಹ್ನಕ್ಕೂ ಸೂರ್ಯನ ಮಧ್ಯಾಹ್ನಕ್ಕೂ ನಡುವೆ ಇಳಕಲ್ಲಿನಲ್ಲಿ ಹೆಚ್ಚು ಕಡಿಮೆ ಒಂದು ಗಳಿಗೆ ಮಿಕ್ಕಿ ಬಿದ್ದಿದೆ. ಯಾರದೂ ಅಲ್ಲದ ಗಳಿಗೆ. ಗಡಿಯಾರ 'ಮಧ್ಯಾಹ್ನ ಆಯ್ತು' ಅನ್ನುತ್ತದೆ, ನೆರಳು 'ಇನ್ನೂ ಇಲ್ಲ' ಅನ್ನುತ್ತದೆ. ನನ್ನ ಸಾಲಿ ಅದರೊಳಗಿದೆ.

ಇದನ್ನು ನೀವೇ ನೋಡಬಹುದು. ಅಂಗಳದಲ್ಲಿ ಒಂದು ಕೋಲು ನೆಟ್ಟಗೆ ನೆಡಿ. ಹನ್ನೊಂದೂವರೆಯಿಂದ ಐದೈದು ನಿಮಿಷಕ್ಕೆ ನೆರಳಿನ ತುದಿಗೆ ಸುಣ್ಣದಿಂದ ಚುಕ್ಕೆ ಇಡಿ. ನೆರಳು ಎಲ್ಲಕ್ಕಿಂತ ಗಿಡ್ಡ ಆಗುವ ಹೊತ್ತೇ ನಿಮ್ಮ ಊರಿನ ನಿಜವಾದ ನಡುಹಗಲು. ಆದರೆ ಇದು ದಿನಾ ಒಂದೇ ಹೊತ್ತಿಗೆ ಆಗುವುದಿಲ್ಲ. ಸೂರ್ಯನ ಸುತ್ತ ಭೂಮಿಯ ದಾರಿ ಪೂರ್ತಿ ದುಂಡಗಿಲ್ಲ, ಭೂಮಿಯ ಅಕ್ಷವೂ ವಾಲಿದೆ. ಅದಕ್ಕೆ ಸೂರ್ಯ ವರ್ಷದಲ್ಲಿ ಒಮ್ಮೆ ಮುಂದೆ ಓಡುತ್ತಾನೆ, ಒಮ್ಮೆ ಹಿಂದೆ ಬೀಳುತ್ತಾನೆ. ಇಳಕಲ್ಲಿನಲ್ಲಿ ನವೆಂಬರ್ ಮೊದಲ ವಾರ ನಡುಹಗಲು ಸುಮಾರು 12:09ಕ್ಕೆ. ಫೆಬ್ರವರಿ ನಡುವಿಗೆ ಹತ್ತಿರ ಬಂದಾಗ 12:40ರ ಹತ್ತಿರ.

ಈ ಒಂದು ಲೆಕ್ಕ ನನಗೆ ಇಡೀ ಸಾಲಿಯ ವೇಳಾಪಟ್ಟಿ ಕೊಟ್ಟಿತು. ನವೆಂಬರಿನಲ್ಲಿ ಬಾಗಿಲು ತೆರೆದಿರುವುದು ಒಂಬತ್ತೇ ನಿಮಿಷ. ಒಳಗೆ ಹೋದವರು ಸಿಕ್ಕಿಹಾಕಿಕೊಳ್ಳುವ ತಿಂಗಳು ಅದು. ಫೆಬ್ರವರಿಯಲ್ಲಿ ನಲವತ್ತು ನಿಮಿಷ, ದೊಡ್ಡ ಪಾಠಗಳೆಲ್ಲ ಆಗ. ಇನ್ನು ಮೇ ಮೊದಲ ವಾರದ ಹೊತ್ತಿಗೊಮ್ಮೆ, ಆಗಸ್ಟ್ ಮೊದಲ ವಾರದ ಆಚೀಚೆ ಇನ್ನೊಮ್ಮೆ, ನಮ್ಮ ಭಾಗದಲ್ಲಿ ಸೂರ್ಯ ನೇರ ನೆತ್ತಿಯ ಮೇಲೆ ಬರುತ್ತಾನೆ. ನೆಟ್ಟಗೆ ನಿಂತ ಕೋಲಿಗೆ ನೆರಳೇ ಇರುವುದಿಲ್ಲ. ಹೊಸ ಮಕ್ಕಳನ್ನು ಸೇರಿಸಿಕೊಳ್ಳುವುದು ಆ ಎರಡು ದಿನ ಮಾತ್ರ. ಯಾಕೆಂದರೆ ನೆರಳನ್ನು ಹೊರಗೆ ಬಿಟ್ಟು ಬರಬೇಕಲ್ಲ.

ಒಳಗೆ ಗಡಿಯಾರ ನಡೆಯುವುದಿಲ್ಲ. ಅಲ್ಲಿರುವುದು ಗಳಿಗೆ ಬಟ್ಟಲು. ತಳದಲ್ಲಿ ಸಣ್ಣ ತೂತಿರುವ ತಾಮ್ರದ ಬಟ್ಟಲನ್ನು ನೀರಿನ ಮೇಲೆ ತೇಲಿಬಿಡುತ್ತಾರೆ. ನೀರು ನಿಧಾನ ಒಳಗೆ ಬಂದು, ಒಂದು ಗಳಿಗೆ ಆಗುವ ಹೊತ್ತಿಗೆ ಬಟ್ಟಲು ಮುಳುಗುತ್ತದೆ. ಹಿಂದೆ ಮದುವೆ ಮುಹೂರ್ತಕ್ಕೆ ಇದನ್ನೇ ನೋಡುತ್ತಿದ್ದರು. ಕಥೆಗೆ ಇದಕ್ಕಿಂತ ಒಳ್ಳೆಯ ಗಂಟೆ ಸಿಗುವುದಿಲ್ಲ. ಮುಳುಗುವಾಗ 'ಗುಳುಕ್' ಅನ್ನುತ್ತದೆ. ಅಷ್ಟರಲ್ಲಿ ಹೊರಗಿರಬೇಕು.

ಹಂತ 3: ಮಂತ್ರದ ಕಾನೂನನ್ನು ಮಗ್ಗದಿಂದಲೇ ತೆಗೆಯಿರಿ

ಮಾಂತ್ರಿಕ ಶಾಲೆಗೆ ಕಾನೂನು ಬೇಕು. ಅದನ್ನು ಸುಮ್ನೆ ತಲೆಯಿಂದ ಹುಟ್ಟಿಸಿದರೆ ನಲವತ್ತನೇ ಪುಟದಲ್ಲಿ ನೀವೇ ಮುರಿಯುತ್ತೀರಿ. ಮಗ್ಗದಿಂದ ತೆಗೆದರೆ ಮುರಿಯಲು ಮಗ್ಗವೇ ಬಿಡುವುದಿಲ್ಲ.

ನನ್ನ ಮೊದಲ ಕಾನೂನು: ಹಾಸು ಬದಲಾಗದು. ನೇಯಲು ಶುರು ಮಾಡುವ ಮುಂಚೆಯೇ ಹಾಸಿನ ಉದ್ದ, ಬಣ್ಣ, ಎಳೆಗಳ ಲೆಕ್ಕ ಎಲ್ಲ ತೀರ್ಮಾನವಾಗಿರುತ್ತದೆ. ಹುಟ್ಟು, ಸಾವು, ಬರಗಾಲ ಬಂದ ವರ್ಷ, ನದಿ ಉಕ್ಕಿದ ವರ್ಷ ಇವೆಲ್ಲ ಹಾಸು. ಹೊಕ್ಕಿನ ಎಳೆ ಮಾತ್ರ ನಮ್ಮ ಕೈಯಲ್ಲಿ. ಯಾರು ಯಾರಿಗೆ ಏನು ಹೇಳಿದರು, ಯಾರು ಬಾಗಿಲು ತೆರೆದರು, ಯಾರು ತೆರೆಯಲಿಲ್ಲ.

ಎರಡನೆಯದು ಚಿಗವ್ವನದು: ಬಿಚ್ಚಿದ ನೂಲು ಎಲ್ಲೋ ಇರಲೇಬೇಕು. ಇದರ ಜೊತೆಗೇ ಇನ್ನೊಂದು ಬರುತ್ತದೆ. ಬಟ್ಟೆಯ ನಡುವಿನ ಒಂದು ತಪ್ಪು ಎಳೆಯನ್ನು ಮಾತ್ರ ಎಳೆದು ತೆಗೆಯಲಾಗುವುದಿಲ್ಲ. ಅದರ ಮೇಲೆ ನೇಯ್ದದ್ದೆಲ್ಲ ಬಿಚ್ಚಬೇಕು. ನಿಮ್ಮ ಹುಡುಗಿ ಹೋದ ವರ್ಷದ ಒಂದು ಜಗಳ ಅಳಿಸಬೇಕು ಅಂದರೆ, ಆಮೇಲೆ ಬಂದ ತಂಗಿಯ ಮದುವೆ, ಅಜ್ಜಿ ನಕ್ಕ ಆ ಒಂದು ಸಂಜೆ, ಎಲ್ಲವನ್ನೂ ಬಿಚ್ಚಬೇಕು. ಬಿಚ್ಚಿದ್ದನ್ನು ಮತ್ತೆ ನೇಯಬಹುದು. ಆದರೆ ನೂಲು ಹಳತು. ಎರಡನೇ ಸಲ ಅಜ್ಜಿ ನಗುತ್ತಾಳೆ, ನಗು ಮಾತ್ರ ಒಂಚೂರು ಸವೆದಿರುತ್ತದೆ. ಓದುವವರಿಗೆ ಹೊಟ್ಟೆಯಲ್ಲಿ ಚುರುಕ್ ಅನ್ನುವುದು ಇಂಥಲ್ಲಿ.

ಬಿಚ್ಚಿದ ನೂಲನ್ನು ನಾನು ಎಲ್ಲಿ ಇಟ್ಟೆ? ಸಾಲಿಯ ಹಿಂದೆ ಒಂದು ಕತ್ತಲೆ ಕೋಣೆ ಮಾಡಿದೆ. ಗೋಡೆಯ ಗೂಟಗಳಿಗೆ ಲಡಿ ಲಡಿಯಾಗಿ ನೂಲು ತೂಗುಹಾಕಿದೆ. ಪ್ರತಿ ಲಡಿಯೂ ಆಗಿ ಆಗದೆ ಹೋದ ಒಂದೊಂದು ದಿನ. ಮುಟ್ಟಿದರೆ ಆ ದಿನದ ವಾಸನೆ ಬರುತ್ತದೆ. ಕೊನೆಗೆ ಕಥೆಯ ಬಹುಪಾಲು ಆ ಕೋಣೆಯಲ್ಲೇ ನಡೆಯಿತು. ನಾನು ಹಾಗೆ ಅಂದುಕೊಂಡು ಶುರು ಮಾಡಿರಲಿಲ್ಲ.

ಎಳೆ ಹರಿದಾಗ ಏನು ಮಾಡುತ್ತಾರೆ ಅನ್ನುವುದನ್ನೂ ನೋಡಿ ಬನ್ನಿ. ಚಿಗವ್ವ ಬೂದಿಯಲ್ಲಿ ಬೆರಳು ಅದ್ದಿ, ಎರಡು ತುದಿಗಳನ್ನು ಜೋಡಿಸಿ, ಹೆಬ್ಬೆರಳಿನಿಂದ ಒಮ್ಮೆ ಹೊಸೆಯುತ್ತಾಳೆ. ಕಣ್ಣು ಮಿಟುಕಿಸುವಷ್ಟರಲ್ಲಿ ಎಳೆ ಕೂಡಿರುತ್ತದೆ. ಕಣ್ಣು ಬೇರೆ ಕಡೆ ಇರುತ್ತದೆ, ಬಾಯಿ ಪಕ್ಕದ ಮನೆಯವರ ಸುದ್ದಿ ಹೇಳುತ್ತಿರುತ್ತದೆ. ನನ್ನ ಸಾಲಿಯಲ್ಲಿ ದೊಡ್ಡ ಮಂತ್ರಗಳೆಲ್ಲ ಹೀಗೇ ನಡೆಯುತ್ತವೆ. ಮಿಂಚು ಇಲ್ಲ, ಗುಡುಗು ಇಲ್ಲ, ಬೂದಿ ಮತ್ತು ಹೆಬ್ಬೆರಳು.

ಹಂತ 4: ಕೊಂಡಿ

ಇಳಕಲ್ ಸೀರೆಯ ಗುಟ್ಟೆಲ್ಲ ಒಂದು ಜಾಗದಲ್ಲಿದೆ. ಸೀರೆಯ ಮೈಯ ಹಾಸು ಬೇರೆ, ಸೆರಗಿನ ಹಾಸು ಬೇರೆ. ಸಾಂಪ್ರದಾಯಿಕ ಸೀರೆಯಲ್ಲಿ ಮೈಗೆ ಹತ್ತಿ, ಸೆರಗಿಗೆ ಕೆಂಪು ರೇಷ್ಮೆ. ಎರಡೂ ಹಾಸುಗಳ ತುದಿಯಲ್ಲಿ ಎಳೆಗಳನ್ನು ಕುಣಿಕೆ ಮಾಡಿ, ಒಂದರೊಳಗೊಂದು ಸಿಕ್ಕಿಸುತ್ತಾ ಹೋಗುತ್ತಾರೆ. ಗಂಟು ಹಾಕುವುದಿಲ್ಲ. ಎರಡು ಕೊಕ್ಕೆ ಒಂದನ್ನೊಂದು ಹಿಡಿದ ಹಾಗೆ. ಇದಕ್ಕೇ ಕೊಂಡಿ ಅನ್ನುತ್ತಾರೆ. ಹೀಗೆ ಜೋಡಿಸುವುದರಿಂದ ಹಾಸನ್ನು ಒಂದು ಸಲಕ್ಕೆ ಒಂದೇ ಸೀರೆಗೆ ಹೂಡಬೇಕಾಗುತ್ತದೆ. ಪ್ರತಿ ಸೀರೆಗೂ ಹೊಸ ಕೊಂಡಿ. ಒಬ್ಬರಿಂದ ಆಗುವ ಕೆಲಸವೂ ಅಲ್ಲ, ಮನೆಮಂದಿ ಕೈಜೋಡಿಸಬೇಕು.

ಎರಡು ಕಾಲಗಳನ್ನು ಕೂಡಿಸುವ ವಿದ್ಯೆಗೆ ಇದಕ್ಕಿಂತ ಒಳ್ಳೆಯ ಮಾದರಿ ನನಗಂತೂ ಸಿಗಲಿಲ್ಲ. ಒಂದು ಕುಣಿಕೆಯಿಂದ ಕೊಂಡಿ ಆಗುವುದಿಲ್ಲ. ಇನ್ನೊಂದು ಕಾಲದಲ್ಲಿ ಯಾರಾದರೂ ತಮ್ಮ ಎಳೆಯನ್ನು ಚಾಚಿ ಹಿಡಿದಿರಬೇಕು. ಅಂದರೆ ನಿಮ್ಮ ಪಾತ್ರ ತನಗೆ ಬೇಕಾದ ವರ್ಷಕ್ಕೆ ನುಗ್ಗುವಂತಿಲ್ಲ. ಆ ಕಡೆಯಲ್ಲೊಬ್ಬರು ಕಾಯುತ್ತಿರಬೇಕು. ನನ್ನ ಕರಡಿನಿಂದ ಒಂದು ತುಣುಕು (ಅಕ್ಕೋರು ಅಂದರೆ ಸಾಲಿಯಲ್ಲಿ ಕಲಿಸುವ ಟೀಚರು):

"ಅಕ್ಕೋರು ದೀಪ ಸಣ್ಣ ಮಾಡಿದರು. ಕತ್ತಲೊಳಗಿಂದ ಕೆಂಪು ರೇಷ್ಮೆಯ ಒಂದು ಎಳೆ ಮುಂದೆ ಬಂತು. ತುದಿಯಲ್ಲಿ ಪುಟ್ಟ ಕುಣಿಕೆ. ಹಿಡಿದವಳ ಮುಖ ಕಾಣಲಿಲ್ಲ. ಉಗುರಿನ ಅಂಚಿಗೆ ಹತ್ತಿದ ಅರಿಶಿನ ಮಾತ್ರ ಕಂಡಿತು. ನನ್ನ ಬಿಳಿ ಎಳೆ ನಡುಗುತ್ತಿತ್ತು. 'ಲಗೂನ ಹಾಕವಾ,' ಅಂದರು ಅಕ್ಕೋರು, 'ಆಕೀದೂ ಕೈ ನೋಯ್ತಿರತಾವು.'"

ಆ ಕೊನೆಯ ಮಾತು ಬರೆಯುವ ತನಕ ಇಡೀ ದೃಶ್ಯ ನನಗೆ ಸಪ್ಪೆ ಅನ್ನಿಸುತ್ತಿತ್ತು. ಆ ಕಡೆಯವಳಿಗೂ ಕೈ ನೋಯುತ್ತದೆ ಅನ್ನುವುದು ಗೊತ್ತಾದ ಮೇಲೆ ಅವಳು ಮನುಷ್ಯಳಾದಳು.

ಹಂತ 5: ಯಾವ ವರ್ಷಕ್ಕೆ ಹೋಗಬಹುದು?

ಎಲ್ಲ ವರ್ಷಕ್ಕೂ ಬಿಟ್ಟರೆ ಕಥೆ ಕೈ ತಪ್ಪುತ್ತದೆ. ಕಟ್ಟಿಹಾಕಿ. ನಮ್ಮ ಪಂಚಾಂಗದಲ್ಲಿ ಕಟ್ಟಲು ಹಗ್ಗ ಸಿದ್ಧವಾಗಿಯೇ ಇದೆ. ಪ್ರಭವದಿಂದ ಅಕ್ಷಯದವರೆಗೆ 60 ಸಂವತ್ಸರ, ಆಮೇಲೆ ಮತ್ತೆ ಪ್ರಭವ. ಸೀರೆಯನ್ನು ಘಡಿ ಮಾಡಿದಾಗ ದೂರದ ಎರಡು ಜಾಗಗಳು ಒಂದರ ಮೇಲೊಂದು ಬಂದು ಕೂರುತ್ತವೆ ಅಲ್ವಾ? ಹಾಗೇ ಒಂದೇ ಹೆಸರಿನ ಸಂವತ್ಸರಗಳು ಒಂದನ್ನೊಂದು ಮುಟ್ಟುತ್ತವೆ ಅಂತ ಇಟ್ಟುಕೊಂಡೆ. ಕೊಂಡಿ ಹಾಕಲು ಆಗುವುದು ಅಲ್ಲಿ ಮಾತ್ರ.

2025ರ ಯುಗಾದಿಗೆ ಶುರುವಾದದ್ದು ವಿಶ್ವಾವಸು. ಅದರ ಹಿಂದಿನ ವಿಶ್ವಾವಸು 1965ರಲ್ಲಿ. ಅದರ ಹಿಂದಿನದು 1905ರಲ್ಲಿ. ಇಲ್ಲಿ ನನಗೊಂದು ಲಾಟರಿ ಹೊಡೆಯಿತು. ಭಾರತದ ಪ್ರಮಾಣ ಸಮಯ ಜಾರಿಗೆ ಬಂದದ್ದು 1906ರ ಜನವರಿ 1ಕ್ಕೆ. ಪಂಚಾಂಗದ ಪ್ರಕಾರ ಆಗ ನಡೆಯುತ್ತಿದ್ದದ್ದು ಅದೇ 1905ರ ಯುಗಾದಿಗೆ ಶುರುವಾದ ವಿಶ್ವಾವಸು! ಗಡಿಯಾರ ಮತ್ತು ಸೂರ್ಯ ಕಾಗದದ ಮೇಲೆ ಬೇರೆಯಾದ ಆ ದಿನವೇ ನನ್ನ ಸಾಲಿ ಹುಟ್ಟಿದ ದಿನ. ಅವತ್ತೇ ಎಲ್ಲ ಊರಲ್ಲೂ ಮುಳ್ಳು ತಿರುಗಿಸಿದರು ಅಂತಲ್ಲ. ಮುಂಬೈ ನಗರವಂತೂ ಎಷ್ಟೋ ವರ್ಷ ತನ್ನದೇ ಸಮಯ ಹಿಡಿದುಕೊಂಡಿತ್ತು. ಕಥೆಗೆ ಒಂದು ತಾರೀಖು ಬೇಕಿತ್ತು, ಇತಿಹಾಸವೇ ಕೊಟ್ಟಿತು.

ತಾರೀಖು ಬರೆಯುವ ರೀತಿಗೆ ನಮ್ಮ ಐಹೊಳೆಯ ಮೇಗುತಿ ಗುಡಿಗೆ ಹೋಗಿ. ಇಮ್ಮಡಿ ಪುಲಕೇಶಿಯ ಕಾಲದಲ್ಲಿ ರವಿಕೀರ್ತಿ ಬರೆದ ಶಾಸನ ಗುಡಿಯ ಗೋಡೆಯಲ್ಲಿದೆ. ಅವನು ವರ್ಷವನ್ನು ಒಂದೇ ಲೆಕ್ಕದಲ್ಲಿ ಹೇಳಿ ಬಿಡುವುದಿಲ್ಲ. ಭಾರತ ಯುದ್ಧ ಮುಗಿದು 3735 ವರ್ಷ ಅನ್ನುತ್ತಾನೆ, ಶಕ ರಾಜರ ಲೆಕ್ಕದಲ್ಲಿ 556 ವರ್ಷ ಅನ್ನುತ್ತಾನೆ. ಇವತ್ತಿನ ಲೆಕ್ಕದಲ್ಲಿ ಅದು 634-35. ಎರಡು ಕಡೆಯಿಂದ ಎರಡು ಎಳೆ ಎಳೆದು ಒಂದು ದಿನವನ್ನು ಬಿಗಿದ ಹಾಗೆ. ಗಳಿಗಿ ಸಾಲಿಯ ಮಕ್ಕಳೂ ಹೋಗುವ ದಿನವನ್ನು ಎರಡು ಲೆಕ್ಕದಲ್ಲಿ ಬರೆಯಬೇಕು. ಒಂದೇ ಲೆಕ್ಕ ಬರೆದವನು ತಪ್ಪು ವಿಶ್ವಾವಸುವಿನಲ್ಲಿ ಹೋಗಿ ಇಳಿಯುತ್ತಾನೆ. ನನ್ನ ಕಥೆಯಲ್ಲಿ ಒಬ್ಬ ಇಳಿದೇಬಿಟ್ಟ.

ಹಂತ 6: ಮಾಸ್ತರು, ಮಕ್ಕಳು, ಊಟ, ಕೂಲಿ

ದಯವಿಟ್ಟು 'ಮಹಾಗುರು ಕಾಲಭೈರವಾನಂದ' ಥರದ ಹೆಸರು ಇಡಬೇಡಿ. ನಮ್ಮ ಕಡೆ ಮಾಸ್ತರು, ಅಕ್ಕೋರು. ಅಷ್ಟು ಸಾಕು. ಅಕ್ಕೋರ ಕೈಯಲ್ಲಿ ಮಂತ್ರದಂಡದ ಬದಲು ಸವೆದ ಲಾಳಿ ಕೊಡಿ. ಲಾಳಿಯ ಎರಡು ತುದಿ ಎಷ್ಟು ನುಣುಪಾಗಿರುತ್ತದೆ ಅಂತ ಮುಟ್ಟಿ ನೋಡಿ ಬರೆಯಿರಿ.

ಮೊದಲ ವರ್ಷದ ಮಕ್ಕಳಿಗೆ ಮಂತ್ರ ಇಲ್ಲ. ಲಡಿ ಬಿಡಿಸುವುದು, ಕಂಡಿಕೆ ಸುತ್ತುವುದು, ಗಂಜಿ ಕುದಿಸುವುದು. ಎರಡನೇ ವರ್ಷ ಒಂದು ಗಳಿಗೆ ಹೊತ್ತು ಅಲುಗಾಡದೆ ಕೂತು ಬಟ್ಟಲು ಮುಳುಗುವುದನ್ನು ನೋಡುವುದು. ಕೇಳಲು ಸುಲಭ. ನಾನು ಮನೆಯಲ್ಲಿ ಮಾಡಿ ನೋಡಿದೆ, ಹನ್ನೊಂದನೇ ನಿಮಿಷಕ್ಕೆ ಕೈ ಫೋನಿಗೆ ಹೋಯಿತು. ಮೂರನೇ ವರ್ಷ ಸೆರಗಿನ ವಿನ್ಯಾಸಗಳು. ತೋಪುತೆನೆ ಅಂದರೆ ಜೋಳದ ತೆನೆ, ಕೋಟಿ ಕೊಮ್ಮಲಿ ಅಂದರೆ ಕೋಟೆಯ ತೆನೆಗೋಡೆ, ಹಣಿಗೆ ಅಂದರೆ ಬಾಚಣಿಗೆ, ರಂಪ ಅಂದರೆ ಬೆಟ್ಟಸಾಲು. ಇವಕ್ಕೆ ಒಂದೊಂದು ಕೆಲಸ ಕೊಡಿ. ನಾನು ತೆನೆಯನ್ನು ಬೆಳೆಯುವ ಕಾಲಕ್ಕೆ, ಕೋಟೆಯನ್ನು ತಡೆಯುವ ಕಾಲಕ್ಕೆ ಇಟ್ಟೆ. ಉಳಿದೆರಡು ನಿಮಗೆ.

ಊಟ ಮರೆಯಬೇಡಿ. ಅರವತ್ತು ವರ್ಷದಾಚೆ ಬುತ್ತಿ ಒಯ್ಯುವವರಿಗೆ ಖಡಕ್ ರೊಟ್ಟಿ ಮತ್ತು ಶೇಂಗಾ ಚಟ್ನಿಗಿಂತ ಒಳ್ಳೆಯದು ಯಾವುದಿದೆ? ಅಮೀನಗಡದ ಕರದಂಟೂ ಇರಲಿ. ಮೊಸರನ್ನ ಒಯ್ದವನ ಗತಿ ಏನಾಯಿತು ಅನ್ನುವುದನ್ನು ನಾನು ಒಂದು ಪುಟ ಬರೆದಿದ್ದೇನೆ, ಮಕ್ಕಳು ಅದೊಂದನ್ನೇ ಮತ್ತೆ ಮತ್ತೆ ಓದಿಸುತ್ತಾರೆ.

ಕೂಲಿಯ ವಿಷಯ ಹೆಚ್ಚಿನವರು ಬಿಟ್ಟುಬಿಡುತ್ತಾರೆ. ನೂಲು ಯಾರದು? ನಮ್ಮ ಕಡೆ ಎಷ್ಟೋ ನೇಕಾರರು ಮಾಲಕರಿಂದ ನೂಲು ತಂದು, ನೇಯ್ದು ಕೊಟ್ಟು, ಕೂಲಿ ಪಡೆಯುತ್ತಾರೆ. ಮಗ್ಗ ಅವರದು, ಬೆನ್ನುನೋವು ಅವರದು, ಸೀರೆ ಮಾತ್ರ ಬೇರೆಯವರದು. ನಿಮ್ಮ ಸಾಲಿಗೆ ಕಾಲದ ನೂಲು ಕೊಡುವ ಮಾಲಕ ಯಾರು? ನೇಯ್ದ ದಿನಗಳನ್ನು ಯಾರು ಉಡುತ್ತಾರೆ? ಈ ಎರಡು ಪ್ರಶ್ನೆ ಕೇಳಿಕೊಂಡರೆ ಖಳನಾಯಕ ತಾನಾಗಿ ಬಾಗಿಲು ತಟ್ಟುತ್ತಾನೆ. ಹಾಗಂತ ಪವರ್‌ಲೂಮನ್ನು ಖಳ ಮಾಡಬೇಡಿ. ಆ ಖಟಖಟ ಸದ್ದಿನಲ್ಲೇ ನಮ್ಮ ಅಣ್ಣತಮ್ಮಂದಿರ ಮನೆಯ ಒಲೆ ಉರಿಯುತ್ತಿದೆ.

ಹಂತ 7: ಹೋದ ಕಾಲದಲ್ಲಿ ಎಡವದಿರಲು

ಇಲ್ಲಿ ಚಿಕ್ಕ ತಪ್ಪೂ ದೊಡ್ಡದಾಗಿ ಕಾಣುತ್ತದೆ. ನನ್ನ ಹೊಸ ಕರಡಿನ ಹುಡುಗಿ 1965ಕ್ಕೆ ಹೋಗಿ "ನಾನು ಕರ್ನಾಟಕದ ಬಾಗಲಕೋಟೆ ಜಿಲ್ಲೆಯವಳು" ಅಂದಿದ್ದಳು. ಆಗ ರಾಜ್ಯದ ಹೆಸರು ಮೈಸೂರು. ಕರ್ನಾಟಕ ಆದದ್ದು 1973ರ ನವೆಂಬರ್ 1ಕ್ಕೆ. ಬಾಗಲಕೋಟೆ ಜಿಲ್ಲೆ ಬೇರೆಯಾದದ್ದು 1997ರಲ್ಲಿ, ಅಲ್ಲಿಯ ತನಕ ಅದು ಬಿಜಾಪುರ ಜಿಲ್ಲೆಯೊಳಗೆ. ಬಿಜಾಪುರ ವಿಜಯಪುರ ಆಗಿ, ಬೆಳಗಾಂ ಬೆಳಗಾವಿ ಆಗಿ ಸರ್ಕಾರಿ ಕಾಗದಕ್ಕೆ ಬಂದದ್ದು 2014ರಲ್ಲಿ. 1905ಕ್ಕೆ ಹೋದರಂತೂ ಇದೆಲ್ಲ ಮುಂಬಯಿ ಪ್ರಾಂತ್ಯ, 1956ರ ನವೆಂಬರ್ 1ರ ತನಕ ನಾವು ಆ ಕಡೆಯವರೇ.

ದುಡ್ಡು ಇನ್ನೊಂದು ಎಡವಟ್ಟು. 1957ರ ಏಪ್ರಿಲ್ 1ಕ್ಕೆ ಮುಂಚೆ ರೂಪಾಯಿಗೆ 16 ಆಣೆ, ಆಣೆಗೆ 12 ಪೈ. 1965ರಲ್ಲಿ ಆಗಲೇ ನೂರು ಪೈಸೆ. ಒಂದೇ ಅಂಗಡಿಯನ್ನು ಎರಡು ವಿಶ್ವಾವಸುವಿನಲ್ಲಿ ತೋರಿಸಿ, ಒಂದರಲ್ಲಿ ಹುಡುಗಿ ಆಣೆಯ ಲೆಕ್ಕ ತಪ್ಪಿಸಲಿ. ವಿವರಣೆ ಬೇಕಾಗುವುದಿಲ್ಲ. 1965ರ ಬಾಗಲಕೋಟೆಯ ಓಣಿಯಲ್ಲಿ ನೀರಿಲ್ಲ ಅನ್ನುವುದನ್ನೂ ಮರೆಯಬೇಡಿ. ಅವಳು ಒಣ ನೆಲದ ಮೇಲೆ ನಿಂತು, ಗೋಡೆಯ ಮೇಲೆ ಕೈಯಿಟ್ಟು, ಈ ಜಾಗದಲ್ಲಿ ಮುಂದೊಂದು ದಿನ ಮೀನು ಓಡಾಡುತ್ತವೆ ಅಂತ ಹೇಳಲೋ ಬೇಡವೋ ಅಂತ ಯೋಚಿಸುತ್ತಾಳೆ. ಹೇಳಿದರೂ ಹಾಸು ಬದಲಾಗದು. ನಾನು ಆ ಓಣಿಗೆ ಇಟ್ಟ ಒಂದು ಅಧ್ಯಾಯ ಇದೇ.

ಹಂತ 8: ಕಥೆಯ ನಡಿಗೆಗೆ ಗವಂತಿ

ಇಳಕಲ್ ಸೀರೆಯ ಮೇಲೆ ಕಸೂತಿ ಹಾಕುವ ರೂಢಿ ಹಳೆಯದು. ಅದರಲ್ಲಿ ನಾಲ್ಕು ಹೊಲಿಗೆ: ಗವಂತಿ, ಮುರ್ಗಿ, ನೇಗಿ, ಮೆಂತಿ. ಗವಂತಿಯಲ್ಲಿ ಸೂಜಿ ಒಂದು ಹೆಜ್ಜೆ ಹಾಕಿ ಒಂದು ಹೆಜ್ಜೆ ಬಿಟ್ಟು ಹೋಗುತ್ತದೆ. ತುದಿ ಮುಟ್ಟಿ, ಅದೇ ದಾರಿಯಲ್ಲಿ ವಾಪಸ್ ಬರುತ್ತಾ ಬಿಟ್ಟ ಹೆಜ್ಜೆಗಳನ್ನು ತುಂಬುತ್ತದೆ. ಬಟ್ಟೆ ತಿರುಗಿಸಿದರೂ ಅದೇ ಚಿತ್ರ. ಗಂಟು ಎಲ್ಲೂ ಇಲ್ಲ.

ಕಾಲದ ಕಥೆಗೆ ಇದಕ್ಕಿಂತ ಒಳ್ಳೆಯ ನಕ್ಷೆ ಬೇಕೇ? ಮೊದಲರ್ಧದಲ್ಲಿ ನಿಮ್ಮ ಹುಡುಗಿ ಮುಂದೆ ಹೋಗುತ್ತಾ ಸಂದಿಗಳನ್ನು ಬಿಡಲಿ. ಬಾಗಿಲು ತಟ್ಟಿದ್ದು ಯಾರು, ಲಡಿಯೊಂದು ಕಾಣೆಯಾದದ್ದು ಹೇಗೆ, ಅರಿಶಿನದ ಉಗುರು ಯಾರದು. ಎರಡನೇ ಅರ್ಧದಲ್ಲಿ ಅದೇ ದಾರಿಯಲ್ಲಿ ಬರುತ್ತಾ ಒಂದೊಂದನ್ನೇ ಅವಳೇ ತುಂಬಲಿ. ಬರೆಯುವ ಮುಂಚೆ ಚೌಕಳಿ ಕಾಗದದ ಮೇಲೆ ಹೆಜ್ಜೆಗಳನ್ನು ಎಣಿಸಿಕೊಳ್ಳಿ. ಎಳೆ ಎಣಿಸದೆ ಕಸೂತಿ ಹಾಕುವವರು ಯಾರೂ ಇಲ್ಲ.

ಹಂತ 9: ಮಗ್ಗದವರಿಗೆ ಓದಿ ಹೇಳಿ

ಸಾಹಿತ್ಯ ಬಲ್ಲ ಗೆಳೆಯರಿಗೆ ಆಮೇಲೆ ಕೊಡಿ. ಮೊದಲು ನೂಲು ಹಿಡಿದವರು ಕೇಳಲಿ.

ಹೊಸ ಕರಡನ್ನು ಹೋದ ಜೇಷ್ಠದಲ್ಲಿ ಚಿಗವ್ವನಿಗೆ ಓದಿದೆ. ಕತ್ತಲೆ ಕೋಣೆ ಬಂದಾಗ ಅವಳ ಕೈ ಒಂದು ಕ್ಷಣ ನಿಂತಿತು. ಕೊಂಡಿಯ ಪಾಠಕ್ಕೆ "ಹೂಂ, ಕೈ ನೋಯ್ತಾವು" ಅಂದಳು. 1906, 82.5 ಡಿಗ್ರಿ, ಸಂವತ್ಸರ, ಯಾವುದರ ಬಗ್ಗೆಯೂ ಮಾತಿಲ್ಲ. ಓದಿ ಮುಗಿಸಿ ಪುಸ್ತಕ ಮುಚ್ಚಿದೆ. ಮೆಚ್ಚಿದಳು ಅಂದುಕೊಂಡೆ.

"ಎಲ್ಲಾ ಬರೊಬ್ಬರಿ ಐತಿ," ಅಂದಳು. "ಹಾಸಿಗೆ ಗಂಜಿ ಹಾಕಿ ಓಣ್ಯಾಗ ಒಣಗಾಕ ಇಟ್ಟಾರಲ್ಲ ನಿನ್ನ ಸಾಲಿ ಹುಡುಗ್ರು, ಅವತ್ತ ಮಳಿ ಬಂದ್ರ ಏನ್ ಮಾಡ್ತಾರ?"

ಈಗ ಮಳೆಯ ಅಧ್ಯಾಯ ಬರೆಯುತ್ತಿದ್ದೇನೆ.